ಎರಡನೇ ಸಲ ಕರೆ ಬರಬೇಕಾದರೆ: ಗೇ ಕ್ಲಬ್‌ಗಳಲ್ಲಿ ಹೌಸ್ ಡಿಜೆ ಆಗಿ ನೆಲೆ ನಿಲ್ಲುವ ಹಂತಗಳು

ಗೇ ಕ್ಲಬ್ಬಿನಲ್ಲಿ ಹೌಸ್ (ಒಂದೇ ಸಮನೆ ಬಡಿಯುವ ಡ್ರಮ್ಮಿನ ಕುಣಿತದ ಸಂಗೀತ) ಹಾಕುವ ಮೊದಲ ರಾತ್ರಿ ಹೇಗೋ ಸಿಕ್ಕಿಬಿಡುತ್ತದೆ. ಯಾರೋ ಸ್ನೇಹಿತರು ಹೆಸರು ಹೇಳುತ್ತಾರೆ, ಇಲ್ಲವೇ ಇನ್ನೊಬ್ಬ ಡಿಜೆ ಕೊನೇ ಗಳಿಗೆಯಲ್ಲಿ ಕೈ ಕೊಡುತ್ತಾರೆ. ನಿಮ್ಮ ಹೆಸರು ಪೋಸ್ಟರ್‌ನ ಕೆಳಗಿನ ಸಾಲಿಗೆ ಬರುತ್ತದೆ. ಆಮೇಲೆ ಎರಡನೇ ಕರೆ ಬರುವುದೇ ಇಲ್ಲ. ನನಗೆ ಬರೆದು ಕೇಳುವ ಹೊಸ ಡಿಜೆಗಳಲ್ಲಿ ಜಾಸ್ತಿ ಜನ ಎಡವುವುದು ಇಲ್ಲೇ. "ಮಿಕ್ಸ್ ಚೆನ್ನಾಗೇ ಬಂತು, ಆದರೂ ಮತ್ತೆ ಯಾಕೆ ಕರೆಯಲಿಲ್ಲ?" ಅನ್ನುವುದೇ ಎಲ್ಲರ ಪ್ರಶ್ನೆ.

ಅವರ ರೆಕಾರ್ಡಿಂಗ್ ಕೇಳಿದರೆ ಮಿಕ್ಸ್ (ಒಂದು ಹಾಡಿಗೆ ಇನ್ನೊಂದನ್ನು ಬೆರೆಸುವುದು) ನಿಜಕ್ಕೂ ಚೆನ್ನಾಗಿರುತ್ತದೆ. ತಪ್ಪಿರುವುದು ಕೆಲಸದ ಕ್ರಮದಲ್ಲಿ. ಫ್ಲೋರ್ (ಜನ ಕುಣಿಯುವ ಜಾಗ) ತಿಳಿಯುವ ಮುಂಚೆ ಮೆಷೀನು ಕೊಂಡಿರುತ್ತಾರೆ. ಹಾಡುಗಳು ಬಾಯಿಪಾಠ ಆಗುವ ಮುಂಚೆ ಅವಕಾಶ ಕೇಳಿರುತ್ತಾರೆ. ಹಾಗಾಗಿ ಕೆಳಗಿನ ಹಂತಗಳನ್ನು ಇದೇ ಸಾಲಿನಲ್ಲಿ ಮಾಡಿ, ಒಂದನ್ನೂ ಹಾರಿಸಬೇಡಿ.

ಬೇಕಾಗುವ ಸಾಮಾನು

ಎರಡು ಡೆಕ್ (ಹಾಡು ಓಡಿಸುವ ಭಾಗ) ಇರುವ ಒಂದು ಸಾಧಾರಣ ಕಂಟ್ರೋಲರ್ (ಲ್ಯಾಪ್‌ಟಾಪ್‌ಗೆ ಜೋಡಿಸಿ ಹಾಡು ಬೆರೆಸುವ ಯಂತ್ರ) ಸಾಕು. ಸೆಕೆಂಡ್ ಹ್ಯಾಂಡ್ ಆದರೂ ಪರವಾಗಿಲ್ಲ. ಕಿವಿಯನ್ನು ಪೂರ್ತಿ ಮುಚ್ಚುವ ಹೆಡ್‌ಫೋನ್, ದೊಡ್ಡ ಜ್ಯಾಕ್‌ಗೆ ಹಾಕುವ ಅಡಾಪ್ಟರ್, ಎರಡು ಯುಎಸ್‌ಬಿ, ಸಂಗೀತಗಾರರು ಹಾಕಿಕೊಳ್ಳುವ ಇಯರ್‌ಪ್ಲಗ್, ಒಂದು ನೋಟ್‌ಬುಕ್. ಇಷ್ಟೇ.

ಒಂದು ಮಾತು ನೆನಪಿರಲಿ. ಮನೆಯ ಕಂಟ್ರೋಲರ್ ಬೇರೆ, ಕ್ಲಬ್ಬಿನ ಪ್ಲೇಯರ್ ಮತ್ತು ಮಿಕ್ಸರ್ ಬೇರೆ. ಮೊದಲ ರಾತ್ರಿಗೆ ಮುಂಚೆ ಕ್ಲಬ್ಬಿನಂಥದೇ ಸೆಟಪ್ ಇರುವ ಸ್ಟುಡಿಯೋದಲ್ಲಿ ಗಂಟೆ ಲೆಕ್ಕಕ್ಕೆ ಜಾಗ ಹಿಡಿದು ಎರಡು ಮೂರು ಸಲ ಕೈ ಪಳಗಿಸಿಕೊಳ್ಳಿ.

ಹಂತ 1: ಮೂರು ತಿಂಗಳು ಫ್ಲೋರ್ ಮೇಲೆ ನಿಲ್ಲಿ

ನೀವು ಹಾಡು ಹಾಕಬೇಕೆಂದಿರುವ ರಾತ್ರಿಗೆ ಬಾಗಿಲು ತೆರೆಯುವ ಹೊತ್ತಿಗೇ ಹೋಗಿ. ಕೊನೆಯಲ್ಲಿ ದೀಪ ಹಾಕುವವರೆಗೂ ಇರಿ. ಹತ್ತು ಕ್ಲಬ್ಬಿಗೆ ಒಂದೊಂದು ಸಲ ಹೋಗುವುದಕ್ಕಿಂತ ಎರಡೇ ಕ್ಲಬ್ಬಿಗೆ ಆರಾರು ಸಲ ಹೋಗುವುದು ಮೇಲು. ಒಂದೇ ಜಾಗ ತುಂಬುವುದನ್ನೂ ಖಾಲಿಯಾಗುವುದನ್ನೂ ಮತ್ತೆ ಮತ್ತೆ ನೋಡಿದಾಗ ಮಾತ್ರ ಅದರ ಜಾಡು ಸಿಗುತ್ತದೆ.

ಬರೆದುಕೊಳ್ಳಬೇಕಾದ್ದು ಹಾಡಿನ ಹೆಸರುಗಳನ್ನಲ್ಲ. ಮೊದಲ ಜೋಡಿ ಎಷ್ಟು ಗಂಟೆಗೆ ಕುಣಿಯಲು ಇಳಿಯಿತು? ಆಗ ಬರುತ್ತಿದ್ದುದು ಹಾಡುವ ದನಿಯೋ, ಬರೀ ತಾಳವೋ? ಜನ ಯಾವಾಗ ಬಾರ್ ಕಡೆ ಸರಿದರು, ಎಷ್ಟು ಹೊತ್ತಿಗೆ ತಿರುಗಿ ಬಂದರು? ಕೊನೇ ಗಂಟೆಯಲ್ಲಿ ಉಳಿದವರು ಯಾರು? ಇವನ್ನು ಗಮನಿಸಿ.

ಗೇ ಕ್ಲಬ್ ಅಂದರೆ ಎಲ್ಲ ಕಡೆ ಒಂದೇ ಥರ ಅಲ್ಲ. ಡ್ರ್ಯಾಗ್ ಪ್ರದರ್ಶನ (ಬೇರೆ ಲಿಂಗದ ವೇಷ ಕಟ್ಟಿ ಮಾಡುವ ಆಟ) ಇರುವ ರಾತ್ರಿಯಲ್ಲಿ ಜನ ಜೊತೆಗೆ ಹಾಡಬಹುದಾದ ದನಿ ಬಯಸುತ್ತಾರೆ. ಸರ್ಕಿಟ್ ಪಾರ್ಟಿಗಳಲ್ಲಿ (ಗೇ ಗಂಡಸರ ಭಾರೀ ಕುಣಿತದ ಪಾರ್ಟಿಗಳು) ವೇಗ ಜಾಸ್ತಿ, ಡ್ರಮ್ ಜಾಸ್ತಿ. ನೆಲಮಾಳಿಗೆಯ ಚಿಕ್ಕ ಕ್ವಿಯರ್ (ಲಿಂಗ, ಲೈಂಗಿಕತೆಯಲ್ಲಿ ಅಲ್ಪಸಂಖ್ಯಾತರಾದವರ) ರಾತ್ರಿಗಳಲ್ಲಿ ಒಂದೇ ಗುಂಗಿನಲ್ಲಿ ಎರಡು ಗಂಟೆ ಕುಣಿಯುವವರು ಸಿಗುತ್ತಾರೆ. ಬೇರ್ (ದಪ್ಪ ಮೈಯ, ಗಡ್ಡ ರೋಮದ ಗೇ ಗಂಡಸರು) ರಾತ್ರಿಯ ಗುಂಪು ಬೇರೆ, ಲೆಸ್ಬಿಯನ್ ರಾತ್ರಿಯ ಗುಂಪು ಬೇರೆ. ನಿಮ್ಮ ಕಿವಿ ಯಾವುದಕ್ಕೆ ಒಗ್ಗುತ್ತದೆ ಅನ್ನುವುದು ಈ ಮೂರು ತಿಂಗಳಲ್ಲಿ ಗೊತ್ತಾಗುತ್ತದೆ.

ಸಾಮಾನ್ಯ ತಪ್ಪು: ರಾತ್ರಿಯಿಡೀ ಬೂತ್ (ಡಿಜೆ ನಿಲ್ಲುವ ಕಟ್ಟೆ) ಪಕ್ಕ ನಿಂತು ಡಿಜೆಯ ಕೈ ನೋಡುವುದು. ಅಲ್ಲಿ ಬೆರಳು ಕಾಣುತ್ತದೆ, ಜನ ಕಾಣುವುದಿಲ್ಲ.

ನೀವು ಈ ಸಮುದಾಯದವರಲ್ಲದಿದ್ದರೆ ಅದನ್ನು ಮುಚ್ಚಿಡಬೇಡಿ. ನೇರವಾಗಿ ಹೇಳಿ, ಅತಿಥಿಯ ಹಾಗೆ ನಡೆದುಕೊಳ್ಳಿ. ಒಳ್ಳೆಯ ಕಿವಿ ಇರುವವರಿಗೆ ಜಾಗ ಸಿಗುತ್ತದೆ. ಸುಳ್ಳು ಹೇಳಿ ಒಳಗೆ ಬಂದವರಿಗೆ ಉಳಿಗಾಲ ಇಲ್ಲ.

ಹಂತ 2: ನೂರೈವತ್ತು ಹಾಡು, ಆದರೆ ಪೂರ್ತಿ ಗೊತ್ತಿರಬೇಕು

ಐದು ಸಾವಿರ ಫೈಲ್ ಇಟ್ಟುಕೊಂಡು ಬೂತ್‌ನಲ್ಲಿ ಹುಡುಕುತ್ತಾ ನಿಲ್ಲುವವರನ್ನು ತುಂಬಾ ಕಂಡಿದ್ದೇನೆ. ಶುರುವಿಗೆ 150 ಹಾಡು ಸಾಕು. ಆದರೆ ಪ್ರತಿಯೊಂದರಲ್ಲೂ ಬೇಸ್ (ಕೆಳಗಿನ ದಪ್ಪ ಸದ್ದು) ಎಲ್ಲಿ ಬರುತ್ತದೆ, ದನಿ ಎಲ್ಲಿ ಎದ್ದು ಎಲ್ಲಿ ನಿಲ್ಲುತ್ತದೆ, ನಡುವಿನ ಬಿಡುವು ಎಷ್ಟುದ್ದ ಅನ್ನುವುದು ಕಣ್ಣು ಮುಚ್ಚಿದರೂ ಗೊತ್ತಿರಬೇಕು.

ಯಾವ ವೆಬ್‌ಸೈಟಿನಿಂದ ಕೊಳ್ಳಬೇಕು? ಟ್ರ್ಯಾಕ್ಸ್‌ಸೋರ್ಸ್‌ನಲ್ಲಿ ಹೌಸ್ ವಿಶೇಷವಾಗಿ ಚೆನ್ನಾಗಿ ಸಿಗುತ್ತದೆ. ಬ್ಯಾಂಡ್‌ಕ್ಯಾಂಪ್‌ನಲ್ಲಿ ಚಿಕ್ಕ ಲೇಬಲ್‌ಗಳೂ ಕ್ವಿಯರ್ ಕಲಾವಿದರೂ ತಾವೇ ಮಾರುತ್ತಾರೆ. ಬೀಟ್‌ಪೋರ್ಟ್ ಕೂಡ ಇದೆ. ವಿಡಿಯೋದಿಂದ ಇಳಿಸಿಕೊಂಡ ಫೈಲ್ ಬೇಡವೇ ಬೇಡ. ಲ್ಯಾಪ್‌ಟಾಪ್‌ನಲ್ಲಿ ವ್ಯತ್ಯಾಸ ಕಾಣದಿದ್ದರೂ ದೊಡ್ಡ ಸ್ಪೀಕರ್‌ನಲ್ಲಿ ಹೈ ಹ್ಯಾಟ್ (ತಾಳದ ಚೂಪು ಸದ್ದು) ಮಂಕಾಗುತ್ತದೆ, ಬೇಸ್ ಪೊಳ್ಳಾಗುತ್ತದೆ. ಕನಿಷ್ಠ 320 ಕೆಬಿಪಿಎಸ್ ಎಂಪಿ3 ಇರಲಿ. ಸಾಧ್ಯವಾದರೆ ಎಐಎಫ್ಎಫ್ (ಸದ್ದಿನಲ್ಲಿ ಏನೂ ಕಳೆಯದ ಫೈಲ್) ತೆಗೆದುಕೊಳ್ಳಿ. ಅದೇ ಗುಣದ ಎಫ್ಎಲ್ಎಸಿ ಫೈಲ್ ಹಳೆಯ ಪ್ಲೇಯರ್‌ಗಳಲ್ಲಿ ಓಡುವುದಿಲ್ಲ, ಹುಷಾರು.

ಹಾಡುಗಳನ್ನು ಶೈಲಿಯ ಹೆಸರಿನಲ್ಲಿ ಜೋಡಿಸುವ ಬದಲು ಮಾಡುವ ಕೆಲಸದ ಮೇಲೆ ಜೋಡಿಸಿ. "ಬಾಗಿಲು ತೆರೆದಾಗ", "ಮೊದಲ ಹೆಜ್ಜೆ", "ಹಿಡಿದಿಡುವುದು", "ಮೇಲೆತ್ತುವುದು", "ಉಸಿರು ಬಿಡಲು", "ಕೊನೇ ಅರ್ಧ ಗಂಟೆ". ನನ್ನ ಪಟ್ಟಿಗಳ ಹೆಸರು ಇವೇ. ಕತ್ತಲಲ್ಲಿ ಹದಿನೈದು ಸೆಕೆಂಡಿನಲ್ಲಿ ಹಾಡು ಆರಿಸಬೇಕಾದಾಗ "ಡೀಪ್ ಹೌಸ್" ಅನ್ನುವ ಫೋಲ್ಡರ್ ಏನೂ ಹೇಳುವುದಿಲ್ಲ.

ದನಿ ಇರುವ ಹಾಡುಗಳಿಗೆ ಇಲ್ಲಿ ತೂಕ ಜಾಸ್ತಿ. ಮನೆಯಲ್ಲಿ ಹೇಳಿಕೊಳ್ಳಲಾಗದ್ದನ್ನು ಇಲ್ಲಿ ಗಂಟಲು ಬಿಟ್ಟು ಹಾಡುವವರು ಎಷ್ಟೋ ಜನ. ಅದಕ್ಕೇ ಸಾಹಿತ್ಯ ಪೂರ್ತಿ ಕೇಳಿ. ಮೂರನೇ ಚರಣದಲ್ಲಿ ಟ್ರಾನ್ಸ್ ಜನರನ್ನೋ ಹೆಂಗಸರನ್ನೋ ಹೀಯಾಳಿಸುವ ಮಾತು ಇರಬಹುದು. ಅದು ಸ್ಪೀಕರ್‌ನಿಂದ ಹೊರಬಂದ ಮೇಲೆ "ಗೊತ್ತಿರಲಿಲ್ಲ" ಅನ್ನುವುದು ಯಾರಿಗೂ ಸಮಾಧಾನ ಕೊಡುವುದಿಲ್ಲ.

ಹಳೆಯ ಡಿಸ್ಕೋ ಹಾಡುಗಳದ್ದು ಇನ್ನೊಂದು ಕಷ್ಟ. ಡ್ರಮ್ಮರ್ ಕೂತು ಬಾರಿಸಿದ್ದರಿಂದ ವೇಗ ಅಲ್ಲಲ್ಲಿ ಸರಿದಾಡುತ್ತದೆ. ಸಾಫ್ಟ್‌ವೇರ್ ಹಾಕಿಕೊಡುವ ಗ್ರಿಡ್ (ಪೆಟ್ಟುಗಳ ಗುರುತು) ನಂಬದೆ, ಕೈಯಲ್ಲಿ ಸರಿಮಾಡಿಕೊಳ್ಳಿ.

ಹಂತ 3: ಎಣಿಸಲು ಕಲಿಯಿರಿ

ಹೌಸ್‌ನ ಕಟ್ಟು ಸರಳ. ಪ್ರತಿ ಪೆಟ್ಟಿಗೂ ಒಂದು ಕಿಕ್ (ದೊಡ್ಡ ಡ್ರಮ್ಮಿನ ಏಟು). ವೇಗ ಸಾಮಾನ್ಯವಾಗಿ 118ರಿಂದ 128 ಬಿಪಿಎಂ (ನಿಮಿಷಕ್ಕೆ ಬೀಳುವ ಪೆಟ್ಟು). ಎಂಟು ಬಾರ್ (ನಾಲ್ಕು ಪೆಟ್ಟಿನ ಒಂದೊಂದು ಸುತ್ತು), ಅಂದರೆ 32 ಪೆಟ್ಟು ಸೇರಿದರೆ ಒಂದು ಆವರ್ತ. 120 ಬಿಪಿಎಂನಲ್ಲಿ ಇದು ಸರಿಯಾಗಿ 16 ಸೆಕೆಂಡು. ಹಾಡಿನಲ್ಲಿ ಹೊಸದೇನಾದರೂ ಬರುವುದು ಹೆಚ್ಚಾಗಿ ಈ ಆವರ್ತದ ತುದಿಯಲ್ಲೇ.

ತಾಳ ಹಾಕಿ ಹಾಡು ಕಲಿತವರಿಗೆ ಇದು ಬೇಗ ಹತ್ತುತ್ತದೆ. ಹೊಸ ಹಾಡಿನ ಒಂದನೇ ಪೆಟ್ಟು ಹಳೆಯ ಹಾಡಿನ ಆವರ್ತದ ಒಂದನೇ ಪೆಟ್ಟಿಗೇ ಸೇರಬೇಕು. ವೇಗ ಹೊಂದಿದರೂ ಎತ್ತುಗಡೆ ತಪ್ಪಿದರೆ, ಕುಣಿಯುವವರ ಕಾಲಿಗೆ ಏನೋ ಸರಿಯಿಲ್ಲ ಅಂತ ಗೊತ್ತಾಗಿಬಿಡುತ್ತದೆ.

ಮಿಕ್ಸ್ ಮಾಡುವ ಕ್ರಮ ಹೀಗಿರಲಿ:

1. ಹೆಡ್‌ಫೋನ್‌ನಲ್ಲಿ ಹೊಸ ಹಾಡಿನ ವೇಗ ಹೊಂದಿಸಿ.
2. ಅದರ ಬೇಸ್ ಪೂರ್ತಿ ಇಳಿಸಿ, ಆವರ್ತದ ಮೊದಲ ಪೆಟ್ಟಿಗೆ ಬಿಡಿ.
3. 32 ಅಥವಾ 64 ಪೆಟ್ಟಿನಷ್ಟು ಹೊತ್ತು ಎರಡೂ ಜೊತೆಗೆ ಹೋಗಲಿ.
4. ಆವರ್ತದ ತಿರುವಿನಲ್ಲಿ ಹಳೆಯದರ ಬೇಸ್ ಇಳಿಸಿ, ಅದೇ ಕ್ಷಣ ಹೊಸದರ ಬೇಸ್ ಏರಿಸಿ.
5. ಹಳೆಯ ಹಾಡನ್ನು ನಿಧಾನವಾಗಿ ಹೊರಗೆ ತೆಗೆಯಿರಿ.

ಎಚ್ಚರಿಕೆಯ ಗುರುತು ಎರಡು. ಎರಡು ಬೇಸ್ ಒಟ್ಟಿಗೆ ಬಂದರೆ ಕೋಣೆಯೇ ಗುಂಯ್‌ಗುಡುತ್ತದೆ. ಎರಡು ದನಿ ಒಟ್ಟಿಗೆ ಬಂದರೆ ಜಗಳದ ಹಾಗೆ ಕೇಳುತ್ತದೆ. ದನಿ ಮೇಲೆ ದನಿ ಬೀಳದಂತೆ ನೋಡಿಕೊಂಡರೆ ಅರ್ಧ ಗೆದ್ದ ಹಾಗೆ.

ಸಿಂಕ್ ಗುಂಡಿ (ವೇಗ ತಾನಾಗಿ ಹೊಂದಿಸುವುದು) ಒತ್ತಬಹುದಾ? ಒತ್ತಬಹುದು. ಆದರೆ ಅದಿಲ್ಲದೆಯೂ ಬರಬೇಕು. ಕ್ಲಬ್ಬಿನ ಪ್ಲೇಯರ್‌ಗಳು ಒಂದಕ್ಕೊಂದು ಜೋಡಣೆಯಾಗಿರದ ರಾತ್ರಿ ಬಂದೇ ಬರುತ್ತದೆ.

ಶ್ರುತಿ ಹೊಂದಿಸಲು ಕ್ಯಾಮೆಲಾಟ್ ಚಕ್ರದ (ಶ್ರುತಿಗಳಿಗೆ ಸಂಖ್ಯೆ ಕೊಟ್ಟ ಚಿತ್ರ) ಸಂಖ್ಯೆಗಳು ನೆರವಾಗುತ್ತವೆ. 8ಎ ಇರುವ ಹಾಡಿಗೆ 7ಎ, 9ಎ, 8ಬಿ ಹೊಂದುತ್ತವೆ. ಆದರೆ ಮಾಸ್ಟರ್ ಟೆಂಪೋ (ವೇಗ ಬದಲಿಸಿದರೂ ಶ್ರುತಿ ಹಿಡಿದಿಡುವ ಗುಂಡಿ) ಹಾಕದೆ ವೇಗವನ್ನು 6 ಶೇಕಡಾ ಬದಲಿಸಿದರೆ ಶ್ರುತಿ ಸುಮಾರು ಅರ್ಧ ಸ್ವರ ಸರಿಯುತ್ತದೆ. ಆಗ ಆ ಸಂಖ್ಯೆಗೆ ಬೆಲೆ ಇಲ್ಲ. ಕಿವಿಯ ಮಾತನ್ನೇ ಕೇಳಿ.

ಹಂತ 4: ಎರಡು ರೆಕಾರ್ಡಿಂಗ್ ಮಾಡಿ, ಒಂದಲ್ಲ

ಎಲ್ಲರೂ ಕಳಿಸುವುದು ನಡುರಾತ್ರಿಯ ಜೋರಿನ ಮಿಕ್ಸ್. ಆಯೋಜಕರಿಗೆ ಹೊಸಬರು ಬೇಕಾಗಿರುವುದು ಮೊದಲ ಗಂಟೆಗೆ. ಆದ್ದರಿಂದ 60 ನಿಮಿಷದ ಒಂದು ವಾರ್ಮಪ್ (ರಾತ್ರಿಯ ಶುರುವಿನ, ಮೆಲುವಾದ) ಮಿಕ್ಸ್, 60 ನಿಮಿಷದ ಇನ್ನೊಂದು ಜೋರಿನ ಮಿಕ್ಸ್ ಮಾಡಿ. ಕಳಿಸುವಾಗ ವಾರ್ಮಪ್ ಮೊದಲು ಕಳಿಸಿ. ಇಷ್ಟರಿಂದಲೇ ನೀವು ಬೇರೆಯವರಿಗಿಂತ ಬೇರೆಯಾಗಿ ಕಾಣುತ್ತೀರಿ.

ರೆಕಾರ್ಡ್ ಆದ ಎರಡು ದಿನದ ನಂತರ ಕೇಳಿ. ಅದೂ ಪಾತ್ರೆ ತೊಳೆಯುತ್ತಾ, ನಡೆಯುತ್ತಾ. ಗಮನ ಬೇರೆ ಕಡೆ ಇದ್ದರೂ ಎಲ್ಲಿ ಕಿವಿ ಚುರ್ ಅನ್ನುತ್ತದೋ ಅಲ್ಲಿ ತಪ್ಪಿದೆ. ಹಂಚಲು ಮಿಕ್ಸ್‌ಕ್ಲೌಡ್ ವೆಬ್‌ಸೈಟ್ ಒಳ್ಳೆಯದು, ಡಿಜೆ ಮಿಕ್ಸ್‌ಗಳಿಗೆ ಬೇಕಾದ ಪರವಾನಗಿ ಅಲ್ಲಿದೆ. ಬೇರೆ ಕಡೆ ಹಾಕಿದರೆ ಹಕ್ಕುಸ್ವಾಮ್ಯದ ಕಾರಣಕ್ಕೆ ತೆಗೆದುಹಾಕಬಹುದು.

ಹಂತ 5: ಕೇಳುವ ರೀತಿ

ಮೂರು ತಿಂಗಳು ನಿಮ್ಮ ಮುಖ ನೋಡಿದ ಆಯೋಜಕರನ್ನೇ ಮೊದಲು ಕೇಳಿ. ಕೇಳುವುದು ವಾರದ ಮಧ್ಯೆ, ಹಗಲಲ್ಲಿ. ರಾತ್ರಿ ಎರಡು ಗಂಟೆಗೆ ಬಾರ್ ಪಕ್ಕ ಹಿಡಿದು ನಿಲ್ಲಿಸಬೇಡಿ. ನಾಲ್ಕು ಸಾಲು ಸಾಕು: ನಾನು ಯಾರು, ನಿಮ್ಮ ಯಾವ ಯಾವ ರಾತ್ರಿಗೆ ಬಂದಿದ್ದೆ, ವಾರ್ಮಪ್ ಮಿಕ್ಸ್ ಇಲ್ಲಿದೆ, ಬಾಗಿಲು ತೆರೆಯುವ ಹೊತ್ತಿನ ಜಾಗ ಇದ್ದರೆ ತಿಳಿಸಿ.

"ಪುಕ್ಕಟೆ ಮಾಡ್ತೀನಿ" ಅನ್ನಬೇಡಿ. ಅಲ್ಲಿ ಈಗಾಗಲೇ ಇರುವ ಡಿಜೆಯ ಊಟ ಕಿತ್ತುಕೊಂಡ ಹಾಗಾಗುತ್ತದೆ, ಮುಂದೆ ನಿಮಗೂ ಅದೇ ಬೆಲೆ ಕಟ್ಟುತ್ತಾರೆ. ಸಮುದಾಯದ ನೆರವಿಗಾಗಿ ಹಣ ಕೂಡಿಸುವ ರಾತ್ರಿ ಬೇರೆ ಮಾತು. ಅದಕ್ಕೆ ಮನಸಾರೆ ಹೋಗಿ.

ಹಂತ 6: ಆ ದಿನದ ತಯಾರಿ

ಯುಎಸ್‌ಬಿಯನ್ನು ಫ್ಯಾಟ್32 ಮಾದರಿಗೆ ಫಾರ್ಮ್ಯಾಟ್ ಮಾಡಿ. ಎನ್‌ಟಿಎಫ್‌ಎಸ್ ಇದ್ದರೆ ಕ್ಲಬ್ ಪ್ಲೇಯರ್ ಓದುವುದಿಲ್ಲ. ಫೈಲ್‌ಗಳನ್ನು ಸುಮ್ನೆ ಎಳೆದು ಹಾಕದೆ ರೆಕಾರ್ಡ್‌ಬಾಕ್ಸ್ ಸಾಫ್ಟ್‌ವೇರ್ ಮೂಲಕ ಎಕ್ಸ್‌ಪೋರ್ಟ್ ಮಾಡಿದರೆ ಪಟ್ಟಿ, ಕ್ಯೂ (ಹಾಡಿನಲ್ಲಿ ನೀವು ಹಾಕಿದ ಗುರುತು), ಗ್ರಿಡ್ ಎಲ್ಲ ಜೊತೆಗೆ ಹೋಗುತ್ತವೆ. ಇಂಥದೇ ಇನ್ನೊಂದು ಪ್ರತಿ ಬೇರೆ ಜೇಬಿನಲ್ಲಿರಲಿ. ನನ್ನ ಎರಡನೇ ರಾತ್ರಿಯಲ್ಲೇ ಯುಎಸ್‌ಬಿ ಸತ್ತಿತ್ತು. ಆಗ ಇನ್ನೊಂದು ಇರಲಿಲ್ಲ. ಮುಂದಿನ ಡಿಜೆ ತಮ್ಮದನ್ನು ಕೊಟ್ಟು ನನ್ನನ್ನು ಉಳಿಸಿದರು. ಅವತ್ತಿನಿಂದ ಒಂದೇ ಯುಎಸ್‌ಬಿ ಹಿಡಿದು ಮನೆ ಬಿಟ್ಟಿಲ್ಲ.

ಬಾಗಿಲು ತೆರೆಯುವ ಮುಂಚೆ ಹೋಗಿ ಸೌಂಡ್ ನೋಡುವವರ ಹೆಸರು ಕೇಳಿ, ಮಾತಾಡಿಸಿ. ಗೇನ್ (ಮಿಕ್ಸರ್‌ಗೆ ಬರುವ ಸದ್ದಿನ ಮಟ್ಟ) ಹೊಂದಿಸುವಾಗ ಹಾಡಿನ ಶುರು ಹಾಕಿ ನೋಡಬೇಡಿ, ಅತಿ ಜೋರಾದ ಭಾಗ ಹಾಕಿ ನೋಡಿ. ಮೀಟರ್ ಕೆಂಪಿಗೆ ಹೋಗಬಾರದು. ಖಾಲಿ ಕೋಣೆಯಲ್ಲಿ ಸದ್ದು ಪ್ರತಿಧ್ವನಿಸುತ್ತದೆ. ಜನ ತುಂಬಿದಾಗ ಮೈಗಳೇ ಸದ್ದು ಹೀರಿಕೊಳ್ಳುತ್ತವೆ, ಹೈ ಹ್ಯಾಟ್ ಮೊದಲು ಮಂಕಾಗುತ್ತದೆ. ಸಂಜೆ ಚೂಪಾಗಿ ಕೇಳಿತೆಂದು ಜಾಸ್ತಿ ಇಳಿಸಬೇಡಿ.

ಬೂತ್ ಮಾನಿಟರ್ (ಡಿಜೆಗೆಂದೇ ಇಟ್ಟ ಸ್ಪೀಕರ್) ಕೆಲಸ ಮಾಡುತ್ತಿದೆಯಾ ಖಚಿತ ಮಾಡಿಕೊಳ್ಳಿ. ಯಾಕೆ ಇಷ್ಟು ಒತ್ತಿ ಹೇಳುತ್ತೇನೆಂದರೆ, ಸದ್ದು ಸೆಕೆಂಡಿಗೆ ಸುಮಾರು 343 ಮೀಟರ್ ಹೋಗುತ್ತದೆ. ಮುಖ್ಯ ಸ್ಪೀಕರ್ ನಿಮ್ಮಿಂದ 17 ಮೀಟರ್ ದೂರ ಇದ್ದರೆ ಅದರ ಸದ್ದು 50 ಮಿಲಿಸೆಕೆಂಡ್ ತಡವಾಗಿ ಬರುತ್ತದೆ. 120 ಬಿಪಿಎಂನಲ್ಲಿ ಅದು ಒಂದು ಪೆಟ್ಟಿನ ಹತ್ತನೇ ಒಂದು ಭಾಗ. ಆ ದೂರದ ಸದ್ದು ಕೇಳಿಕೊಂಡು ತಾಳ ಹೊಂದಿಸಿದರೆ ಅಷ್ಟೂ ತಪ್ಪುತ್ತದೆ. ಮನೆಯಲ್ಲಿ ಸಲೀಸಾಗಿ ಬರುತ್ತಿದ್ದ ಮಿಕ್ಸ್ ಕ್ಲಬ್ಬಿನಲ್ಲಿ ಕುಂಟುವುದಕ್ಕೆ ಅನೇಕ ಸಲ ಇದೇ ಕಾರಣ.

ಹಂತ 7: ಮೊದಲ ಗಂಟೆ

ಇಲ್ಲೇ ಎಲ್ಲ ಕೆಡುವುದು. ಹಾಗಾಗಿ ನಿಧಾನವಾಗಿ ಓದಿ.

ಹೊಸಬರಿಗೆ ಸಿಗುವುದು ಬಾಗಿಲು ತೆರೆದ ಹೊತ್ತು. ಒಳಗೆ ಇಪ್ಪತ್ತು ಜನ ಇರುತ್ತಾರೆ. ಗೋಡೆಗೆ ಒರಗಿ ನಿಂತವರು, ಮೊದಲ ಸಲ ಇಂಥ ಜಾಗಕ್ಕೆ ಬಂದು ಕೈ ಎಲ್ಲಿಡಬೇಕೆಂದು ತಿಳಿಯದವರು, ಸ್ನೇಹಿತರಿಗಾಗಿ ಕಾಯುತ್ತಿರುವವರು. ಹೊಸ ಡಿಜೆಗೆ ಗಾಬರಿಯಾಗುತ್ತದೆ. ಯಾರೂ ಕುಣಿಯುತ್ತಿಲ್ಲ ಅಂತ ತನ್ನ ಅತಿ ದೊಡ್ಡ ಹಾಡು ತೆಗೆಯುತ್ತಾರೆ. ನಾಲ್ಕು ಜನ ಕೂಗುತ್ತಾರೆ, ಖುಷಿಯಾಗುತ್ತದೆ, ಇನ್ನೊಂದು ದೊಡ್ಡ ಹಾಡು. ಹನ್ನೊಂದು ಗಂಟೆಯೊಳಗೆ ರಾತ್ರಿಯ ಸರಕೆಲ್ಲ ಖರ್ಚು. ಮುಂದಿನ ಡಿಜೆ ಬಂದಾಗ ಮೇಲೇರಲು ಮೆಟ್ಟಿಲೇ ಇಲ್ಲ. ಅವರು ಆಯೋಜಕರಿಗೆ ಒಂದೇ ಮಾತು ಹೇಳುತ್ತಾರೆ. ಎರಡನೇ ಕರೆ ಅಲ್ಲಿಗೆ ಮುಗಿಯಿತು.

ಈ ಗಂಟೆಯ ಕೆಲಸ ಕುಣಿಸುವುದಲ್ಲ. ಜನ ಮಾತಾಡುತ್ತಾ ಮಾತಾಡುತ್ತಾ ತಮಗೇ ಗೊತ್ತಿಲ್ಲದೆ ತಲೆ ಆಡಿಸಲು ಶುರುಮಾಡಬೇಕು, ಅಷ್ಟೇ. 116ರಿಂದ 118 ಬಿಪಿಎಂನಲ್ಲಿ ಶುರುಮಾಡಿ. ಗಂಟೆಯಲ್ಲಿ ಎರಡು ಮೂರು ಬಿಪಿಎಂ ಏರಿಸಿದರೆ ಯಾರ ಗಮನಕ್ಕೂ ಬರುವುದಿಲ್ಲ, ಆದರೆ ಮೈ ಬಿಸಿಯಾಗಿರುತ್ತದೆ. ಸದ್ದು ಮೆಲ್ಲಗಿರಲಿ, ಪಕ್ಕದವರ ಮಾತು ಕೇಳಿಸಬೇಕು. ಬೆಚ್ಚಗಿನ ಕೀಬೋರ್ಡ್, ದುಂಡನೆಯ ಬೇಸ್, ಬಿಡಿಬಿಡಿ ದನಿ ಇರುವ ಹಾಡುಗಳು ಇಲ್ಲಿಗೆ ಸರಿ. ಉದ್ದನೆಯ ಬಿಡುವು, ದೊಡ್ಡ ಡ್ರಮ್ ಉರುಳು, ಎಲ್ಲರಿಗೂ ಗೊತ್ತಿರುವ ಪಲ್ಲವಿ ಬೇಡ.

ಮುಂಚೆಯೇ ಮುಂದಿನ ಡಿಜೆಗೆ ಒಂದು ಸಂದೇಶ ಕಳಿಸಿ: "ನೀವು ಎಷ್ಟು ಬಿಪಿಎಂನಲ್ಲಿ ಶುರುಮಾಡ್ತೀರಿ? ಎಲ್ಲಿ ತಂದು ನಿಲ್ಲಿಸಲಿ?" ಇಂಥ ಒಂದು ಸಾಲು ಬರೆದವರನ್ನು ನಾನು ಇಂದಿಗೂ ಮರೆತಿಲ್ಲ. ಮುಂದಿನ ಡಿಜೆ 122 ಅಂದರೆ ನೀವು 121ರಲ್ಲಿ ಬಿಟ್ಟುಕೊಡಿ.

ಮೊದಲ ಇಬ್ಬರು ಫ್ಲೋರ್‌ಗೆ ಇಳಿದರೆ ಅವರನ್ನು ಬೆದರಿಸಬೇಡಿ. ಆಗ ಹಾಡು ಬದಲಿಸುವ ಆತುರ ಬೇಡ. ನಡೆಯುತ್ತಿರುವುದನ್ನೇ ಇನ್ನೊಂದು ಆವರ್ತ ಬಿಡಿ. ಅದೇ ಬಗೆಯ ಇನ್ನೊಂದು ಹಾಡು ಸೇರಿಸಿ. ಆ ಇಬ್ಬರು ಆರಾಗುತ್ತಾರೆ.

ಬಿಟ್ಟುಕೊಡುವಾಗ ನಿಮ್ಮ ಕೊನೆಯ ಹಾಡು ಉದ್ದವಾಗಿರಲಿ. ಮುಂದಿನವರಿಗೆ ಯುಎಸ್‌ಬಿ ಹಾಕಿ ಹೆಡ್‌ಫೋನ್ ಜೋಡಿಸಲು ಸಮಯ ಬೇಕು. ಓಡುತ್ತಿರುವ ಹಾಡು ಯಾವ ಯುಎಸ್‌ಬಿಯದು ಅಂತ ನೋಡದೆ ಏನನ್ನೂ ಕೀಳಬೇಡಿ. ಪ್ಲೇಯರ್‌ಗಳು ಜೋಡಣೆಯಾಗಿದ್ದರೆ ಪಕ್ಕದ ಡೆಕ್ಕಿನ ಹಾಡೂ ಅದೇ ಯುಎಸ್‌ಬಿಯಿಂದ ಬರುತ್ತಿರಬಹುದು.

ಹಂತ 8: ಫ್ಲೋರ್ ಓದುವುದು

ನಡುರಾತ್ರಿಯ ಜಾಗ ಸಿಗುವುದು ಆಮೇಲೆ. ಆಗ 124ರಿಂದ 128ರ ಹಾಡುಗಳು, ದೊಡ್ಡ ದನಿಗಳು ಎಲ್ಲಕ್ಕೂ ಅವಕಾಶ ಇರುತ್ತದೆ. ಆದರೆ ಕಣ್ಣು ಸ್ಕ್ರೀನ್ ಮೇಲೆ ಇರಬಾರದು. ಮುಂದಿನ ಸಾಲಿನ ಹುಮ್ಮಸ್ಸು ಸಾಮಾನ್ಯವಾಗಿ ನಿಮ್ಮ ಸ್ನೇಹಿತರದು. ನಿಜ ಗೊತ್ತಾಗುವುದು ಫ್ಲೋರ್‌ನ ಅಂಚಿನಲ್ಲಿ. ಅಂಚು ಒಳಗೆ ಸರಿಯುತ್ತಿದ್ದರೆ ದಾರಿ ಸರಿ. ಅಂಚಿನವರು ಫೋನ್ ತೆಗೆದರೆ ಒಂದು ಹಾಡಿನೊಳಗೆ ಬದಲಾಯಿಸಿ. ಜನ ದಣಿದು ಹೋಗುವುದಕ್ಕೂ ಬೇಸತ್ತು ಹೋಗುವುದಕ್ಕೂ ವ್ಯತ್ಯಾಸ ಇದೆ. ದಣಿದವರು ನಗುತ್ತಾ ಹೋಗುತ್ತಾರೆ, ಐದು ನಿಮಿಷದಲ್ಲಿ ವಾಪಸ್ ಬರುತ್ತಾರೆ.

ಪಾಪ್ ಹಾಡು ಬೇಕು ಅಂತ ಫೋನ್ ಚಾಚುವವರು ಪ್ರತಿ ರಾತ್ರಿ ಇರುತ್ತಾರೆ. ಸಿಡುಕಬೇಡಿ. ಎಲ್ಲರಿಗೂ ಗೊತ್ತಿರುವ ದನಿಗಳ ಐದಾರು ಒಳ್ಳೆಯ ಹೌಸ್ ರೀಮಿಕ್ಸ್ ಯಾವಾಗಲೂ ಜೊತೆಗಿರಲಿ. ರಾತ್ರಿಗೆ ಒಂದೇ ಒಂದು, ಸರಿಯಾದ ಹೊತ್ತಿಗೆ.

ಡ್ರ್ಯಾಗ್ ಪ್ರದರ್ಶನ ಇದ್ದರೆ ಅದರ ಹಾಡು ಹಾಕುವ ಕೆಲಸವೂ ನಿಮ್ಮದೇ. ಫೈಲ್‌ಗಳನ್ನು ಹಿಂದಿನ ದಿನವೇ ತರಿಸಿ, ಕ್ರಮಸಂಖ್ಯೆ ಹಾಕಿ. ವೇಗದ ಫೇಡರ್ ಸೊನ್ನೆಗೆ ತನ್ನಿ, ಸಿಂಕ್ ಮತ್ತು ಲೂಪ್ (ಒಂದೇ ತುಂಡು ಮರುಕಳಿಸುವುದು) ತೆಗೆಯಿರಿ. ತಿಂಗಳುಗಟ್ಟಲೆ ತುಟಿ ಹೊಂದಿಸಿ ಅಭ್ಯಾಸ ಮಾಡಿದವರಿಗೆ ಎರಡು ಶೇಕಡಾ ವೇಗ ಬದಲಾದರೂ ಕಾಲ ಕೆಳಗಿನ ನೆಲ ಜಾರಿದ ಹಾಗೆ. ಮೈಕ್ ಚಾನೆಲ್ ಮುಂಚೆ ಪರೀಕ್ಷಿಸಿ. ನೀವೇ ಮೈಕ್‌ನಲ್ಲಿ ಮಾತಾಡುವುದಾದರೆ ಗಂಡು ಹೆಣ್ಣು ಅಂತ ಇಬ್ಭಾಗ ಮಾಡಿ ಕರೆಯಬೇಡಿ. "ಎಲ್ಲರಿಗೂ" ಅಂದರೆ ಎಲ್ಲರೂ ಬಂದರು.

ಹಂತ 9: ಜನರ ಗುಟ್ಟು, ಜನರ ಜೀವ

ನಿಮ್ಮ ಬೂತ್‌ನಿಂದ ತೆಗೆದ ಹತ್ತು ಸೆಕೆಂಡಿನ ವಿಡಿಯೋದಲ್ಲಿ ಯಾರದೋ ಮುಖ ಕಂಡು, ಅವರ ಮನೆಯವರಿಗೆ ಗೊತ್ತಾಗಿ, ಕೆಲಸವೋ ಮನೆಯೋ ಹೋಗಬಹುದು. ಆದ್ದರಿಂದ ಪ್ರಚಾರಕ್ಕೆ ಹಾಕುವ ವಿಡಿಯೋದಲ್ಲಿ ನಿಮ್ಮ ಕೈ, ನಿಮ್ಮ ಮುಖ, ದೀಪಗಳು ಮಾತ್ರ ಇರಲಿ. ಬರ್ಲಿನ್‌ನ ಬರ್ಗ್‌ಹೈನ್ ಕ್ಲಬ್ಬಿನಲ್ಲಿ ಬಾಗಿಲಲ್ಲೇ ಫೋನ್ ಕ್ಯಾಮೆರಾ ಮೇಲೆ ಸ್ಟಿಕ್ಕರ್ ಅಂಟಿಸುತ್ತಾರೆ. ನಿಮ್ಮ ಕ್ಲಬ್ಬಿನಲ್ಲಿ ಅಂಥ ನಿಯಮ ಇಲ್ಲದಿದ್ದರೂ ನೀವು ಪಾಲಿಸಿ. ಯಾರನ್ನೂ ಕೇಳದೆ ಟ್ಯಾಗ್ ಮಾಡಬೇಡಿ.

ಬೂತ್ ಎತ್ತರದಲ್ಲಿರುವುದರಿಂದ ಕೆಳಗಿನವರಿಗೆ ಕಾಣದ್ದು ನಿಮಗೆ ಕಾಣುತ್ತದೆ. ಯಾರೋ ಒಬ್ಬರನ್ನು ಮೂಲೆಗೆ ಒತ್ತುತ್ತಿರುವುದು ಕಂಡರೆ ಕಾವಲಿನವರಿಗೆ ತಿಳಿಸಿ. ಅವರನ್ನು ಕರೆಯುವ ಸನ್ನೆ ಯಾವುದು ಅಂತ ಸಂಜೆಯೇ ಮಾತಾಡಿಕೊಂಡಿರಬೇಕು.

ಯಾರಾದರೂ ಕುಸಿದುಬಿದ್ದು, ಎಬ್ಬಿಸಿದರೂ ಏಳದೆ, ಗೊರಕೆಯಂಥ ಉಸಿರು ಬರುತ್ತಿದ್ದರೆ ಅದು ನಿದ್ದೆಯಲ್ಲ. ಕೆಲವು ಪಾರ್ಟಿಗಳಲ್ಲಿ "ಜಿ" ಅಂತ ಕರೆಯುವ ಜಿಎಚ್‌ಬಿ ಅನ್ನುವ ಮಾದಕ ಪದಾರ್ಥ ಮದ್ಯದ ಜೊತೆ ಸೇರಿದರೆ ಉಸಿರೇ ನಿಂತುಹೋಗಬಹುದು. ಸಿಬ್ಬಂದಿ ಅವರನ್ನು ಪಕ್ಕಕ್ಕೆ ಮಲಗಿಸಿ ಆಂಬ್ಯುಲೆನ್ಸ್ ಕರೆಯಬೇಕು. ಒಂಟಿಯಾಗಿ ಬಿಡಬಾರದು. ನಿಮ್ಮ ಪಾಲಿನ ಕೆಲಸ: ತಕ್ಷಣ ತಿಳಿಸುವುದು, ಸದ್ದು ಇಳಿಸುವುದು, ದೀಪ ಹಾಕಿಸುವುದು. ಸೆಟ್ ಹಾಳಾಗುತ್ತದೆ ಅನ್ನುವ ಯೋಚನೆಯೇ ಬರಬಾರದು.

ಹಂತ 10: ದುಡ್ಡು, ಕಾಗದ, ಹೆಸರು

ಚಿಕ್ಕ ರಾತ್ರಿಯಾದರೂ ಎಲ್ಲವೂ ಬರಹದಲ್ಲಿರಲಿ. ಸಂದೇಶವಾದರೂ ಸರಿ. ಎಷ್ಟು ಹೊತ್ತಿನಿಂದ ಎಷ್ಟು ಹೊತ್ತಿಗೆ, ಎಷ್ಟು ದುಡ್ಡು, ಯಾವತ್ತು, ರದ್ದಾದರೆ ಎಷ್ಟು, ವಾಪಸ್ ಹೋಗುವ ಗಾಡಿ ಯಾರದು. ದೂರದ ಊರಾದರೆ ಅರ್ಧ ಮುಂಗಡ ಕೇಳಿ. "ಜನ ಬಂದರೆ ಕೊಡ್ತೀವಿ" ಅನ್ನುವುದು ಎಚ್ಚರಿಕೆಯ ಗಂಟೆ. "ಹೆಸರು ಬರುತ್ತಲ್ಲ" ಅನ್ನುವುದು ಎರಡನೇ ಗಂಟೆ.

ವೇದಿಕೆಯ ಹೆಸರನ್ನು ಯೋಚಿಸಿ ಇಟ್ಟುಕೊಳ್ಳಿ. ಮನೆಯಲ್ಲಿ, ಕೆಲಸದಲ್ಲಿ ನಿಮ್ಮ ವಿಷಯ ಗೊತ್ತಿಲ್ಲದಿದ್ದರೆ ಆ ಹೆಸರಿಗೆ ಬೇರೆ ಇಮೇಲ್, ಬೇರೆ ನಂಬರ್ ಇರಲಿ. ಬಿಲ್ಲಿನಲ್ಲಿ ನಿಜ ಹೆಸರು ಬೇಕಾದರೆ ಅದನ್ನು ಯಾರು ನೋಡುತ್ತಾರೆ ಅಂತ ಮೊದಲೇ ಕೇಳಿ.

ಹಂತ 11: ಒಂದೇ ಫ್ಲೋರ್‌ಗೆ ಮತ್ತೆ ಮತ್ತೆ

ಮರುದಿನ ಆಯೋಜಕರಿಗೂ ಸೌಂಡ್‌ನವರಿಗೂ ಒಂದು ಸಾಲು ಧನ್ಯವಾದ ಕಳಿಸಿ. ಆ ಕ್ಲಬ್ಬಿಗೆ ನಿಮ್ಮ ಸರದಿ ಇಲ್ಲದ ರಾತ್ರಿಯೂ ಹೋಗಿ ಕುಣಿಯಿರಿ. ಎರಡನೇ ಕರೆ, ಮೂರನೇ ಕರೆ ಬಂದ ಮೇಲೆ ತಿಂಗಳಿಗೊಂದು ಖಾಯಂ ರಾತ್ರಿ ಕೇಳಬಹುದು.

ಊರೂರು ತಿರುಗುವ ಆಸೆಗೆ ಇದನ್ನು ಬಿಡಬೇಡಿ. ಹೌಸ್‌ಗೆ ಅಡಿಪಾಯ ಹಾಕಿದ ಡಿಜೆ ಫ್ರಾಂಕಿ ನಕಲ್ಸ್ ಷಿಕಾಗೋದ ವೇರ್‌ಹೌಸ್ ಕ್ಲಬ್ಬಿನಲ್ಲಿ 1977ರಿಂದ ವರ್ಷಗಟ್ಟಲೆ ಒಂದೇ ಫ್ಲೋರ್‌ಗೆ ಹಾಡು ಹಾಕಿದರು. ಡಿಜೆ ಲ್ಯಾರಿ ಲೆವನ್ ನ್ಯೂಯಾರ್ಕಿನ ಪ್ಯಾರಡೈಸ್ ಗರಾಜ್ ಕ್ಲಬ್ಬನ್ನು ಅದು 1987ರಲ್ಲಿ ಮುಚ್ಚುವವರೆಗೂ ಬಿಡಲಿಲ್ಲ. ಅದೇ ಜನ ಪ್ರತಿ ವಾರ ಬಂದಾಗ ಮಾತ್ರ ಹೊಸ ಹಾಡನ್ನು ಅವರಿಗೆ ಕಲಿಸಲು ಆಗುತ್ತದೆ. ಮೊದಲ ವಾರ ಸುಮ್ಮನಿದ್ದ ಫ್ಲೋರ್ ನಾಲ್ಕನೇ ವಾರ ಅದೇ ಹಾಡಿಗೆ ಕೂಗುತ್ತದೆ. ಒಂದು ರಾತ್ರಿಗೆ ಬಂದುಹೋಗುವ ಡಿಜೆಗೆ ಈ ಭಾಗ್ಯ ಇಲ್ಲ.

ಹಂತ 12: ಕಿವಿ ಮತ್ತು ಮೈ

ಅಮೆರಿಕದ ನಿಯೋಶ್ ಸಂಸ್ಥೆ ಕೆಲಸದ ಜಾಗಕ್ಕೆ ಹೇಳುವ ಮಿತಿ ಇದು: 85 ಡೆಸಿಬೆಲ್‌ನಲ್ಲಿ ದಿನಕ್ಕೆ 8 ಗಂಟೆ. ಪ್ರತಿ 3 ಡೆಸಿಬೆಲ್ ಏರಿದಂತೆ ಹೊತ್ತು ಅರ್ಧವಾಗುತ್ತದೆ. 100 ಡೆಸಿಬೆಲ್‌ಗೆ ಬಂದರೆ ಬರೀ 15 ನಿಮಿಷ. ಕ್ಲಬ್ ಬೂತ್‌ನಲ್ಲಿ ಎರಡು ಗಂಟೆ ನಿಲ್ಲುವವರು ಲೆಕ್ಕ ಹಾಕಿಕೊಳ್ಳಿ. ಎಲ್ಲ ಸ್ವರವನ್ನೂ ಸಮನಾಗಿ ಇಳಿಸುವ ಇಯರ್‌ಪ್ಲಗ್ ಹಾಕಿ, ಮಿಕ್ಸ್ ಇಲ್ಲದಾಗ ಮಾನಿಟರ್ ಇಳಿಸಿ. ಬೆಳಗ್ಗೆ ಕಿವಿಯಲ್ಲಿ ಕುಂಯ್ ಅನ್ನುವುದು ಉಳಿದಿದ್ದರೆ ಆ ವಾರ ಇನ್ನೊಂದು ಜೋರು ರಾತ್ರಿ ಬೇಡ. ದಿನಗಟ್ಟಲೆ ಹೋಗದಿದ್ದರೆ ವೈದ್ಯರನ್ನು ಕಾಣಿ.

ಕುಡಿತ ಪುಕ್ಕಟೆ ಸಿಗುತ್ತದೆ. ಕೆಲಸ ಮುಗಿಯುವವರೆಗೆ ನೀರು ಸಾಕು. ಕುಡಿದಾಗ ಎಲ್ಲ ಮಿಕ್ಸೂ ಚೆನ್ನಾಗಿ ಕೇಳುತ್ತದೆ, ಮರುದಿನ ರೆಕಾರ್ಡಿಂಗ್ ಕೇಳಿದಾಗ ಎದೆ ಒಡೆಯುತ್ತದೆ.

ಹಂತ 13: ಹೊರದೇಶದ ಕರೆ ಬಂದಾಗ

ಸಲಿಂಗ ಸಂಬಂಧವನ್ನು ಅಪರಾಧ ಅನ್ನುವ ಕಾನೂನು ಇಂದಿಗೂ 60ಕ್ಕೂ ಹೆಚ್ಚು ದೇಶಗಳಲ್ಲಿದೆ. ಹೋಗುವ ದೇಶದ್ದು ಮಾತ್ರವಲ್ಲ, ವಿಮಾನ ಬದಲಿಸುವ ದೇಶದ್ದೂ ನೋಡಿ. ಗಡಿಯಲ್ಲಿ ಫೋನ್ ಕೇಳಬಹುದು. ನಿಮ್ಮ ಪೋಸ್ಟರ್‌ಗಳು ಯಾರು ಬೇಕಾದರೂ ಹುಡುಕಿ ನೋಡುವಂತೆ ಹೊರಗೇ ಇರುತ್ತವೆ. ಟ್ರಾನ್ಸ್ ಡಿಜೆಗಳು ಪಾಸ್‌ಪೋರ್ಟಿನ ಹೆಸರು, ಟಿಕೆಟ್ಟಿನ ಹೆಸರು ಒಂದೇ ಇದೆಯಾ ಅಂತ ಮೊದಲೇ ನೋಡಿಕೊಳ್ಳಬೇಕು.

ಪ್ರವಾಸಿ ವೀಸಾದಲ್ಲಿ ದುಡ್ಡಿಗೆ ಹಾಡು ಹಾಕಲು ಹೋದರೆ ಗಡಿಯಿಂದಲೇ ವಾಪಸ್ ಕಳಿಸಬಹುದು. ಕೆಲಸದ ಪರವಾನಗಿ ಯಾರು ಮಾಡಿಸುತ್ತಾರೆ ಅಂತ ಒಪ್ಪಂದದಲ್ಲಿ ಬರೆಸಿ. ಆಮೇಲೆ ಟಿಕೆಟ್. ಎರಡು ಯುಎಸ್‌ಬಿಗಳಲ್ಲಿ ಒಂದು ಕೈಚೀಲದಲ್ಲಿ, ಇನ್ನೊಂದು ಮೈಮೇಲಿನ ಜೇಬಿನಲ್ಲಿ ಇರಲಿ.